ಬೋಟ್ ಹತ್ತುವ ಮುಂಚೆ ವಾರ ನೋಡಿ

ಪ್ರಶ್ನೆ: ಎರ್ನಾಕುಲಂನಿಂದ ಫೋರ್ಟ್ ಕೊಚ್ಚಿಗೆ ಬೋಟ್‌ನಲ್ಲಿ ಒಂದು ದಿನದ ಟೂರ್, ಜೊತೆಗೆ ಗೈಡ್. ಅತ್ತೆಗೆ ಮಂಡಿನೋವು. ಶನಿವಾರ ಹೋಗಬಹುದಾ?
– ಓದುಗರು, ಸರಸ್ವತಿಪುರಂ, ಮೈಸೂರು

ಉತ್ತರ: ಶನಿವಾರ ಬೇಡಮ್ಮ. ಅಂದು ಯಹೂದಿಗಳ ಸಬ್ಬತ್, ಅಂದರೆ ವಾರದ ವಿಶ್ರಾಂತಿಯ ದಿನ. ಟೂರ್‌ನಲ್ಲಿ ನೋಡಲೇಬೇಕಾದ ಅವರ ಪ್ರಾರ್ಥನಾ ಮಂದಿರ, 1568ರ ಪರದೇಶಿ ಸಿನಗಾಗ್, ಮುಚ್ಚಿರುತ್ತದೆ. ನಾನೂ ಒಮ್ಮೆ ಬರೀ ಬಾಗಿಲು ನೋಡಿಕೊಂಡು ಬಂದವನೇ! ಎರಡನೇ ಸಲ ಚಪ್ಪಲಿ ಬಿಟ್ಟು ಒಳಗೆ ಹೋದೆ. ಕಾಲಡಿ ಚೀನಾದಿಂದ ಬಂದ ನೀಲಿ-ಬಿಳಿ ಟೈಲ್ಸ್. ಕೈಯಲ್ಲೇ ಚಿತ್ರ ಬರೆದದ್ದು, ಒಂದರಂತೆ ಇನ್ನೊಂದಿಲ್ಲ. ಗೈಡ್ ಅವಸರ ಮಾಡಿದರೂ ಅಲ್ಲಿ ಸುಮ್ನೆ ಐದು ನಿಮಿಷ ನಿಲ್ಲಿ. ಸೇಂಟ್ ಫ್ರಾನ್ಸಿಸ್ ಚರ್ಚಿನಲ್ಲಿ ವಾಸ್ಕೋ ಡ ಗಾಮನನ್ನು 1524ರಲ್ಲಿ ಹೂತಿದ್ದರು. ಈಗಿರುವುದು ಕಲ್ಲು ಮಾತ್ರ, ಮೂಳೆಗಳು ಪೋರ್ಚುಗಲ್ ಸೇರಿ ಯಾವ ಕಾಲವಾಯ್ತು. ಬೋಟ್ ಅಲುಗಾಡುತ್ತದೆ, ಹತ್ತುವಾಗ ಅತ್ತೆಯ ಕೈ ಹಿಡಿದುಕೊಳ್ಳಿ. ಇಳಿದ ಮೇಲೆ ಆಟೊ ಮಾಡಿ. ನಮ್ಮ ಮೈಸೂರಿನ ಹಾಗಲ್ಲ, ಸೆಕೆ ಜಾಸ್ತಿ. ಕೊಡೆ ಇರಲಿ.