ತಡವಾದ ಅರೆಕ್ಷಣ

ಎಲ್ಲರೂ ನಗುನಗುತ್ತಾ ಮಾತಾಡಿಸುತ್ತಾರೆ, ಆದರೂ ಮನೆಗೆ ಬಂದ ಮೇಲೆ ಎಲ್ಲೋ ಏನೋ ಎಡವಟ್ಟಾಯಿತು ಅನ್ನಿಸುತ್ತದೆ, ಪರದೇಶದ ಬದುಕೆಲ್ಲ ಹೀಗೇನಾ ಅಂತ ಕೇಳಿದ್ದೀರಿ. ಮೊದಮೊದಲು ಹೀಗೇ. ನಿಮ್ಮ ವ್ಯಾಕರಣ, ಉಚ್ಚಾರಣೆ ಸರಿಯಿಲ್ಲ ಅಂತ ತಲೆ ಕೆಡಿಸಿಕೊಳ್ಳಬೇಡಿ. ಇಷ್ಟು ವರ್ಷ ಇಲ್ಲಿದ್ದು ನಾನು ನೋಡಿದ ಹಾಗೆ, ಕಸಿವಿಸಿ ಜಾಸ್ತಿ ಹುಟ್ಟುವುದು ಉತ್ತರ ಕೊಡಲು ಹಿಡಿಯುವ ಹೊತ್ತಿನಿಂದ.

ಜೊತೆಗೆ ಕೆಲಸ ಮಾಡುವವರು "ಶನಿವಾರ ನಮ್ಮ ಜೊತೆ ಬರ್ತೀರಾ?" ಅಂತಾರೆ. ನಿಮಗೆ ಹೋಗುವ ಆಸೆ ಇದೆ. ಮನಸ್ಸಿನಲ್ಲೇ ವಾಕ್ಯ ಜೋಡಿಸುತ್ತಿದ್ದೀರಿ. ಅಷ್ಟರಲ್ಲಿ ಅವರೇ "ಕೆಲಸ ಇದ್ರೆ ಪರವಾಗಿಲ್ಲ, ಇನ್ನೊಮ್ಮೆ ನೋಡೋಣ" ಅಂದುಬಿಡುತ್ತಾರೆ. ಬಾಯಿಮಾತಿಗೆ ಕರೆದರು ಅಂತ ನಿಮಗೆ, ಇವರಿಗೆ ಇಷ್ಟವಿಲ್ಲ ಅಂತ ಅವರಿಗೆ. ಇಬ್ಬರೂ ನಗುತ್ತಲೇ ಹೊರಡುತ್ತೀರಿ.

2009ರಲ್ಲಿ ಸಂಶೋಧಕರು 10 ಭಾಷೆಗಳ ಮಾತುಕತೆ ರೆಕಾರ್ಡ್ ಮಾಡಿ ಇದನ್ನು ಅಳೆದರು. ಹೌದು-ಇಲ್ಲ ಪ್ರಶ್ನೆಗೆ ಜನ ಸರಾಸರಿ 200 ಮಿಲಿಸೆಕೆಂಡಿನಷ್ಟರಲ್ಲೇ ಉತ್ತರಿಸುತ್ತಾರೆ, ಅಂದರೆ ಸೆಕೆಂಡಿನ ಐದನೇ ಒಂದು ಪಾಲು. ಜಪಾನಿಯಲ್ಲಿ ನಡುವೆ ಬಿಡುವೇ ಇಲ್ಲ ಅನ್ನಬೇಕು, ಡ್ಯಾನಿಶ್‌ನಲ್ಲಿ ಅರ್ಧ ಸೆಕೆಂಡಿನ ಹತ್ತಿರ. ಒಪ್ಪುವ ಉತ್ತರ ಬೇಗ ಬರುತ್ತದೆ, ಒಪ್ಪದ ಉತ್ತರ ತಡ. ಕೇಳುವವರ ಕಿವಿ ಇದಕ್ಕೇ ಪಳಗಿರುತ್ತದೆ. ಕಲಿತ ಭಾಷೆಯಲ್ಲಿ ಮಾತಾಡುವ ನಮಗೆ ಸ್ವಲ್ಪ ಜಾಸ್ತಿ ಹೊತ್ತು ಬೇಕು. ಆ ತಡವೇ "ಇಲ್ಲ" ಅಂತ ಕೇಳಿಸಿಬಿಡುತ್ತದೆ.

ಹಾಗಾಗಿ ಪೂರ್ತಿ ವಾಕ್ಯಕ್ಕೆ ಕಾಯಬೇಡಿ. "ಓ, ಶನಿವಾರನಾ?" ಅಂತ ಖುಷಿಯಾಗಿ ಒಂದು ದನಿ ಹೊರಡಿಸಿ. ಉಳಿದದ್ದು ನಿಧಾನಕ್ಕೆ ಬರಲಿ, ತಪ್ಪಾಗಿ ಬಂದರೂ ನಡೆಯುತ್ತದೆ. ಸುಮ್ನೆ ತಲೆಯಾಡಿಸಿದರೆ ಮಾತ್ರ ಸಾಲದು, ಅದರ ಅರ್ಥ ಒಂದೊಂದು ಕಡೆ ಒಂದೊಂದು.

ರಾತ್ರಿ ಮಲಗಿ ಆಡಿದ ಮಾತನ್ನೆಲ್ಲ ಮತ್ತೆ ಮೆಲುಕು ಹಾಕುತ್ತೀರಲ್ವಾ, ಅದು ಹೊಸಬರಿಗಷ್ಟೇ ಅಂಟಿದ ರೋಗವಲ್ಲ. ಮೊದಲ ಸಲ ಮಾತಾಡಿದ ಮೇಲೆ, ಎದುರಿನವರು ನಮ್ಮನ್ನು ನಿಜಕ್ಕೂ ಮೆಚ್ಚಿದ್ದಕ್ಕಿಂತ ಕಡಿಮೆ ಮೆಚ್ಚಿದ್ದಾರೆ ಅಂದುಕೊಳ್ಳುವುದು ಸಾಮಾನ್ಯ ಅಂತ 2018ರ ಒಂದು ಅಧ್ಯಯನ ತೋರಿಸಿತ್ತು.

ಒಂದು ಮಾತನ್ನು ಮಾತ್ರ ಈ ಲೆಕ್ಕಕ್ಕೆ ಸೇರಿಸಬೇಡಿ. "ಎಲ್ಲಿಯವರು?" ಅಂತ ಕೇಳಿ, ನೀವು ಉತ್ತರ ಕೊಟ್ಟ ಮೇಲೂ "ಅಲ್ಲ, ನಿಜವಾಗಿ ಎಲ್ಲಿಯವರು?" ಅಂತ ಮತ್ತೆ ಕೆದಕುತ್ತಾರಲ್ಲ, ಅಲ್ಲಿ ನಿಮ್ಮ ಕಡೆಯಿಂದ ಸರಿಮಾಡುವಂಥದ್ದು ಏನೂ ಇಲ್ಲ. ಕೊಟ್ಟ ಉತ್ತರವನ್ನೇ ಇನ್ನೊಮ್ಮೆ ಕೊಟ್ಟು, "ನೀವು?" ಅಂತ ಕೇಳಿ. ನಾನು ಈಗಲೂ ಹಾಗೇ ಮಾಡುತ್ತೇನೆ.