ಪ್ರತಿಕ್ರಿಯೆ: ತೀರ್ಪಿಗೆ ಮೊದಲೇ ‘ಕೊಲೆಗಾರ್ತಿ’ ಎಂದ ವಾಹಿನಿ

ಆರೋಪಪಟ್ಟಿಗೂ ಮುಂಚೆಯೇ ನಟಿಯೊಬ್ಬರನ್ನು ಕೊಲೆಗಾರ್ತಿ ಎಂದ ವಾಹಿನಿಯ ಮೇಲೆ ದೂರು ಹೇಗೆ ಎಂದು ಕೇಳಿದ್ದೀರಿ. ಮೊದಲು ವಿಡಿಯೊ ಉಳಿಸಿಕೊಳ್ಳಿ, ಯೂಟ್ಯೂಬ್‌ನಿಂದ ಅದನ್ನು ಯಾವಾಗ ಬೇಕಾದರೂ ತೆಗೆದುಬಿಡುತ್ತಾರೆ. ಪ್ರಸಾರದ ದಿನಾಂಕ, ಸಮಯ, ಆಡಿದ ಮಾತುಗಳನ್ನು ಹಾಗೆಯೇ ನಮೂದಿಸಿ ವಾಹಿನಿಗೇ ಲಿಖಿತ ದೂರು ಕೊಡಿ. 2021ರ ಕೇಬಲ್ ಟಿವಿ ನಿಯಮಗಳಂತೆ 24 ಗಂಟೆಯಲ್ಲಿ ಸ್ವೀಕೃತಿ, 15 ದಿನದಲ್ಲಿ ತೀರ್ಮಾನ ತಿಳಿಸಬೇಕು. ಸಮಾಧಾನವಾಗದಿದ್ದರೆ ಮುಂದಿನ 15 ದಿನದೊಳಗೆ ಆ ವಾಹಿನಿ ಸದಸ್ಯನಾಗಿರುವ ಸ್ವಯಂನಿಯಂತ್ರಣ ಸಂಸ್ಥೆಗೆ (ವಾಹಿನಿಗಳೇ ಸೇರಿ ಮಾಡಿಕೊಂಡ ನಿಗಾ ಸಂಸ್ಥೆ) ಮೇಲ್ಮನವಿ ಸಲ್ಲಿಸಿ.

ಬರೀ ‘ಮಾನ ಹೋಯಿತು’ ಎಂದು ಬರೆದರೆ ಸಾಲದು. ನಟ ಸುಶಾಂತ್ ಸಿಂಗ್ ರಜಪೂತ್ ಸಾವಿನ ಪ್ರಕರಣದ ಪ್ರಸಾರದ ಬಗ್ಗೆ ಬಾಂಬೆ ಹೈಕೋರ್ಟ್ 2021ರ ಜನವರಿಯಲ್ಲಿ ಕೊಟ್ಟ ತೀರ್ಪನ್ನು ಉಲ್ಲೇಖಿಸಿ. ಮಾಧ್ಯಮ ವಿಚಾರಣೆ, ಅಂದರೆ ನ್ಯಾಯಾಲಯಕ್ಕೂ ಮೊದಲೇ ಮಾಧ್ಯಮ ತಪ್ಪಿತಸ್ಥರೆಂದು ತೀರ್ಮಾನಿಸುವುದು, ಟಿವಿ ಪ್ರಸಾರಕ್ಕಿರುವ ಕಾರ್ಯಕ್ರಮ ಸಂಹಿತೆಗೆ ವಿರುದ್ಧ ಎಂದು ಅದು ಹೇಳಿದೆ. ಆ ಪ್ರಕರಣದಲ್ಲಿ ಆರೋಪ ಹೊತ್ತ, ಸುಶಾಂತ್ ಗೆಳತಿ ನಟಿ ರಿಯಾ ಚಕ್ರವರ್ತಿಯವರ ಮರ್ಯಾದೆಯನ್ನು ವಾಹಿನಿಗಳು 2020ರಲ್ಲೇ ಹರಾಜಿಗಿಟ್ಟರು. ಆದರೆ ತನಿಖೆ ಮುಗಿಸಿ ಸಿಬಿಐ ಸಲ್ಲಿಸಿದ ಮುಕ್ತಾಯ ವರದಿ ಬಂದದ್ದು 2025ರ ಮಾರ್ಚ್‌ನಲ್ಲಿ.