ಓ ಗುಂಪಿನ ರಕ್ತವೂ ಹೊಂದುತ್ತಿಲ್ಲ ಎಂದರೆ

ತಾಯಿಯವರದು ಸ್ಲೈಡ್ ಟೆಸ್ಟಿನಲ್ಲಿ ಓ ಪಾಸಿಟಿವ್, ಆದರೂ ನಾಲ್ಕು ಬಾಟಲ್ ಓ ರಕ್ತ, ದಾನಿಯ ರಕ್ತ ಹೊಂದುತ್ತದೆಯೇ ಎಂದು ನೋಡುವ ಕ್ರಾಸ್‌ಮ್ಯಾಚ್‌ನಲ್ಲಿ ಗಂಟುಕಟ್ಟಿತು, ಯಾಕೆ ಎಂದು ಕೇಳಿದ್ದೀರಿ. ಮೊದಲು ಬಾಂಬೆ ಗುಂಪಿನ ಅನುಮಾನ ಬಗೆಹರಿಸಿಕೊಳ್ಳಿ. 1952ರಲ್ಲಿ ಮುಂಬೈಯಲ್ಲಿ ಪತ್ತೆಯಾದ ಅಪರೂಪದ ರಕ್ತದ ಗುಂಪು ಅದು.

ಓ ಗುಂಪಿನ ಕೆಂಪು ರಕ್ತಕಣಗಳ ಮೇಲೆ ಎ, ಬಿ ಇಲ್ಲದಿದ್ದರೂ ಎಚ್ ಎಂಬ ಪ್ರತಿಜನಕ (ಕಣದ ಮೇಲಿನ ಗುರುತು) ಧಾರಾಳವಾಗಿರುತ್ತದೆ. ಬಾಂಬೆಯವರಲ್ಲಿ ಅದೂ ಇಲ್ಲ. ಹಾಗಾಗಿ ಎ, ಬಿ ಗುರುತು ಹಿಡಿಯುವ ಆಂಟಿ-ಎ, ಆಂಟಿ-ಬಿ ಹಾಕಿದರೆ 'ಓ' ಎಂದೇ ಕಾಣುತ್ತದೆ. ಆದರೆ ಅವರ ರಕ್ತದ ತಿಳಿ ದ್ರವವಾದ ಸೀರಮ್‌ನಲ್ಲಿ ಎಚ್ ವಿರುದ್ಧದ ಪ್ರತಿಕಾಯ, ಆಂಟಿ-ಎಚ್ ಇರುತ್ತದೆ. ಅದು ಹತ್ತು ಹಿಡಿಗಳಿರುವ ಐಜಿಎಂ ಬಗೆಯ ಪ್ರತಿಕಾಯ, ಒಂದು ಕಣವನ್ನು ಪಕ್ಕದ ಕಣಕ್ಕೆ ಬಿಗಿಯುತ್ತದೆ. 37 ಡಿಗ್ರಿಯಲ್ಲೂ ಕೆಲಸ ಮಾಡುವುದರಿಂದ ಕಣಗಳನ್ನು ರಕ್ತನಾಳದೊಳಗೇ ಒಡೆಯುತ್ತದೆ. 'ತುರ್ತು, ಓ ಏರಿಸಿಬಿಡಿ' ಎಂದರೆ ದಯವಿಟ್ಟು ಒಪ್ಪಬೇಡಿ.

ಟ್ಯೂಬ್ ವಿಧಾನದಲ್ಲಿ ರಿವರ್ಸ್ ಗ್ರೂಪಿಂಗ್ (ಸೀರಮ್‌ಗೆ ಗೊತ್ತಿರುವ ಗುಂಪಿನ ಕಣ ಸೇರಿಸಿ ನೋಡುವ ಪರೀಕ್ಷೆ) ಮಾಡಿಸಿ, ಓ ಕಣಗಳನ್ನೂ ಸೇರಿಸಲು ಹೇಳಿ: 2 ಹನಿ ಸೀರಮ್, 1 ಹನಿ ಓ ಕಣ, ಸೆಂಟ್ರಿಫ್ಯೂಜ್. ಬಾಂಬೆಯಾದರೆ, ಮೆಲ್ಲಗೆ ತಟ್ಟಿದಾಗ ತಳದ ಕೆಂಪು ಗುಂಡಿ ಒಂದೇ ಗಟ್ಟಿಯಾಗಿ ಎದ್ದು ಬರುತ್ತದೆ. ತಾಯಿಯವರದೇ ಕಣ ಹಾಕಿದ ಟ್ಯೂಬ್ ನುಣ್ಣಗೆ ಹರಡಬೇಕು. ಆಮೇಲೆ ಎಚ್ ಇರುವ ಕಣಗಳನ್ನು ಗಂಟುಕಟ್ಟಿಸುವ ಆಂಟಿ-ಎಚ್ ಲೆಕ್ಟಿನ್ ಹಾಕಿದಾಗ ಅವರ ಕಣ ಗಂಟುಕಟ್ಟದಿದ್ದರೆ ಬಾಂಬೆ ಎನ್ನುವುದು ಬಹುತೇಕ ಖಚಿತ. ಗಂಟುಕಟ್ಟಿದರೆ ಬಸಿರಿನಲ್ಲೋ ಹಿಂದೆ ರಕ್ತ ಪಡೆದಾಗಲೋ ಹುಟ್ಟಿದ ಬೇರೆ ಪ್ರತಿಕಾಯ ಇರಬಹುದು, ಅದು ಯಾವುದೆಂದು ಗುರುತಿಸಲು ಆಂಟಿಬಾಡಿ ಪ್ಯಾನೆಲ್ ಪರೀಕ್ಷೆ ಬೇಕು.

ಬಾಂಬೆ ಎಂದಾದರೆ ಅವರ ಒಡಹುಟ್ಟಿದವರನ್ನು ಇಂದೇ ಪರೀಕ್ಷೆಗೆ ಕರೆಸಿ. ಪ್ರತಿಯೊಬ್ಬರೂ ಅದೇ ಗುಂಪಿನವರಾಗಿರುವ ಸಾಧ್ಯತೆ ಕನಿಷ್ಠ ನಾಲ್ಕರಲ್ಲಿ ಒಂದು ಇದೆ.